ಕಲ್ಲನ್ನು ಪ್ರಶ್ನಿಸುವ ಪಾಠ

ಹಲ್ಮಿಡಿ, ಬೇಲೂರು, ಹಳೇಬೀಡು ಮೂರೂ ಅರೇಹಳ್ಳಿಯ ಮಕ್ಕಳಿಗೆ ತಮ್ಮದೇ ತಾಲ್ಲೂಕಿನ ಊರುಗಳು. ಚರಿತ್ರೆಕಾರರು ಗತಕಾಲವನ್ನು ಹೇಗೆ ತಿಳಿಯುತ್ತಾರೆ ಎಂಬುದನ್ನು ಕಲಿಯಲು ಇದಕ್ಕಿಂತ ಒಳ್ಳೆಯ ಜಾಗ ಇನ್ನೊಂದಿಲ್ಲ.

ಅರೇಹಳ್ಳಿ ಬೇಲೂರು ತಾಲ್ಲೂಕಿನ ಹೋಬಳಿ ಕೇಂದ್ರ. ಸುತ್ತಲೂ ಕಾಫಿ ತೋಟ, ಸಿಲ್ವರ್ ಮರ, ಅವಕ್ಕೆ ಹಬ್ಬಿದ ಮೆಣಸಿನ ಬಳ್ಳಿ. ನಾಡಿನ ಎಲ್ಲ ಮಕ್ಕಳಂತೆ ಇಲ್ಲಿನ ಮಕ್ಕಳೂ ಪರೀಕ್ಷೆಗೆಂದು ಇಸವಿಗಳನ್ನು ಬಾಯಿಪಾಠ ಮಾಡುತ್ತಾರೆ. ಅವುಗಳಲ್ಲಿ ಎರಡು ಅವರದೇ ತಾಲ್ಲೂಕಿಗೆ ಸೇರಿದವು: ಹಲ್ಮಿಡಿ ಶಾಸನ ಸುಮಾರು ಕ್ರಿ.ಶ. 450, ಬೇಲೂರಿನ ಚೆನ್ನಕೇಶವ ದೇವಾಲಯ 1117. ಇವುಗಳಲ್ಲಿ ಒಂದನ್ನು ಕಲ್ಲೇ ಬಾಯಿಬಿಟ್ಟು ಹೇಳಿದೆ, ಇನ್ನೊಂದನ್ನು ವಿದ್ವಾಂಸರು ಲೆಕ್ಕ ಹಾಕಿ ನಿಗದಿ ಮಾಡಿದ್ದಾರೆ. ಈ ವ್ಯತ್ಯಾಸ ಗೊತ್ತಾದ ದಿನವೇ ಮಗು ಇತಿಹಾಸ ಕಲಿಯಲು ತೊಡಗಿತು ಎಂದು ನಾನು ನಂಬಿದ್ದೇನೆ.

ಇಸವಿ ಎಲ್ಲಿಂದ ಬಂತು?

ಬೇಲೂರಿನ ಶಾಸನದಲ್ಲಿ ಶಕವರ್ಷ 1039 ಎಂದಿದೆ. ಅದಕ್ಕೆ 78 ಕೂಡಿಸಿದರೆ 1117. ಶಾಸನತಜ್ಞರು ಇಷ್ಟಕ್ಕೇ ನಿಲ್ಲುವುದಿಲ್ಲ. ಸಂವತ್ಸರ, ಮಾಸ, ತಿಥಿ, ವಾರ ಒಂದಕ್ಕೊಂದು ಹೊಂದುತ್ತವೆಯೇ ಎಂದು ಪಂಚಾಂಗದ ಲೆಕ್ಕದಲ್ಲಿ ತಾಳೆ ನೋಡುತ್ತಾರೆ. ಹೊಂದದಿದ್ದರೆ ಅನುಮಾನ ಏಳುತ್ತದೆ. ಕೂಟಶಾಸನಗಳು, ಅಂದರೆ ಹಳೆಯ ಅರಸರ ಹೆಸರಿನಲ್ಲಿ ನಂತರದವರು ಕೊರೆಸಿದ ಖೊಟ್ಟಿ ದಾಖಲೆಗಳು, ಸಿಕ್ಕಿಬೀಳುವುದು ಹೀಗೆಯೇ. ಗಂಗರ ತಾಮ್ರಪಟಗಳ ವಿಷಯದಲ್ಲಿ ಶಾಸನತಜ್ಞರಾದ ಜೆ.ಎಫ್. ಫ್ಲೀಟ್ ಮತ್ತು ಬಿ.ಎಲ್. ರೈಸ್ ಅವರ ನಡುವೆ ನಡೆದ ದೀರ್ಘ ವಾಗ್ವಾದದ ತಿರುಳೂ ಇದೇ.

ಹಲ್ಮಿಡಿಯ ಕಲ್ಲಿನಲ್ಲಿ ಇಸವಿಯೇ ಇಲ್ಲ. ಇರುವುದು 16 ಸಾಲು, ಕದಂಬ ಕಾಕುಸ್ಥನ ಹೆಸರು, ಯುದ್ಧದಲ್ಲಿ ಪರಾಕ್ರಮ ತೋರಿದ ವಿಜ ಅರಸನಿಗೆ ಪಲ್ಮಿಡಿ ಮತ್ತು ಮೂಳಿವಳ್ಳಿಯನ್ನು ಬಾಳ್ಗಳ್ಚಾಗಿ, ಅಂದರೆ ವೀರನಿಗೆ ಕೊಡುವ ದಾನವಾಗಿ, ಕೊಟ್ಟ ಸಂಗತಿ. ಎಂ.ಎಚ್. ಕೃಷ್ಣ ಅವರು 1936ರ ಮೈಸೂರು ಪುರಾತತ್ವ ಇಲಾಖೆಯ ವರದಿಯಲ್ಲಿ ಇದನ್ನು ಪ್ರಕಟಿಸಿ, ಕಾಲವನ್ನು ಸುಮಾರು 450 ಎಂದು ಗುರುತಿಸಿದರು. ಲಿಪಿ ಮತ್ತು ಭಾಷೆಯನ್ನು ಬೇರೆ ರೀತಿ ತೂಗಿ, ಇದು ಇನ್ನೂ ಈಚಿನದು ಎಂದ ವಿದ್ವಾಂಸರೂ ಇದ್ದಾರೆ. ಹಾಗಾಗಿ ‘ಸುಮಾರು’ ಎಂಬ ಮಾತನ್ನು ಪಾಠದಿಂದ ಕೈಬಿಡುವಂತಿಲ್ಲ. ನಮಗೆ ಎಷ್ಟು ಗೊತ್ತು ಎಂಬುದನ್ನು ಪ್ರಾಮಾಣಿಕವಾಗಿ ಹೇಳುವ ಮಾತು ಅದು.

ರೈಸ್ ಅವರ ‘ಎಪಿಗ್ರಾಫಿಯಾ ಕರ್ನಾಟಿಕಾ’ದ ಹಾಸನ ಜಿಲ್ಲೆಯ ಸಂಪುಟ ಹೊರಬಂದದ್ದು 1902ರಲ್ಲಿ. ಹಲ್ಮಿಡಿಯ ಕಲ್ಲು ವಿದ್ವಾಂಸರ ಕಣ್ಣಿಗೆ ಬಿದ್ದದ್ದು ಅದಾದ ಎಷ್ಟೋ ವರ್ಷಗಳ ಮೇಲೆ. ಮುಂದೆ 2013ರ ಹೊತ್ತಿಗೆ ಶಿವಮೊಗ್ಗ ಜಿಲ್ಲೆಯ ತಾಳಗುಂದದಲ್ಲಿ ಸಿಂಹಕಟಾಂಜನ ಶಾಸನ ಸಿಕ್ಕಿತು. ಅದು ಕ್ರಿ.ಶ. 370ರದು, ಕನ್ನಡದ ಅತ್ಯಂತ ಹಳೆಯ ಶಾಸನವೆಂದು ಎಣಿಸಿದ್ದ ಹಲ್ಮಿಡಿಗಿಂತ ಹಳೆಯದು ಎಂಬ ವಾದ ಬಂತು. ಹೊಸ ಸಾಕ್ಷ್ಯ ಬಂದಾಗ ಹಳೆಯ ತೀರ್ಮಾನವನ್ನು ಮತ್ತೆ ಪರೀಕ್ಷೆಗೆ ಒಡ್ಡುವುದು ಚರಿತ್ರೆಕಾರನ ಧರ್ಮ. ಅದರಿಂದ ಹಲ್ಮಿಡಿಯ ಗೌರವ ಒಂದಿಷ್ಟೂ ಕುಗ್ಗುವುದಿಲ್ಲ.

ಒಬ್ಬ ಅರಸ, ಮೂರು ಗುಡಿ

ಹೊಯ್ಸಳ ಅರಸ ಬಿಟ್ಟಿದೇವ ರಾಮಾನುಜಾಚಾರ್ಯರ ಪ್ರಭಾವದಿಂದ ಜೈನಮತ ತೊರೆದು ವಿಷ್ಣುವರ್ಧನನಾದ, ಆಮೇಲೆ ಜೈನರನ್ನು ಪೀಡಿಸಿದ ಎಂಬ ಕಥೆ ಈ ಸೀಮೆಯಲ್ಲಿ ಬಹುಕಾಲದಿಂದ ಇದೆ. ಅದೇ ಅರಸನ ಕಾಲದ ಕಲ್ಲುಗಳು ಏನು ಹೇಳುತ್ತವೆ ನೋಡೋಣ. 1117ರಲ್ಲಿ ಬೇಲೂರಿನಲ್ಲಿ ಕೇಶವನ ಪ್ರತಿಷ್ಠೆ. 1121ರ ಸುಮಾರಿಗೆ ಹಳೇಬೀಡಿನಲ್ಲಿ ಅಧಿಕಾರಿ ಕೇತಮಲ್ಲನ ಮುತುವರ್ಜಿಯಿಂದ ಹೊಯ್ಸಳೇಶ್ವರ. 1133ರಲ್ಲಿ ಅಲ್ಲಿಯೇ ಬಸ್ತಿಹಳ್ಳಿಯಲ್ಲಿ, ದಂಡನಾಯಕ ಗಂಗರಾಜನ ಮಗ ಬೊಪ್ಪ ಕಟ್ಟಿಸಿದ ಪಾರ್ಶ್ವನಾಥ ಬಸದಿ. ಆ ಬಸದಿಯ ಪ್ರಸಾದ ತನ್ನ ಕೈ ಸೇರಿದ ಹೊತ್ತಿಗೇ ಯುದ್ಧದಲ್ಲಿ ಗೆಲುವೂ ಮಗನ ಜನನವೂ ಒದಗಿದ್ದರಿಂದ ಸಂತೋಷಗೊಂಡ ಅರಸ, ದೇವರಿಗೆ ವಿಜಯ ಪಾರ್ಶ್ವ ಎಂದು ಹೆಸರಿಟ್ಟನೆಂದು ಶಾಸನ ತಿಳಿಸುತ್ತದೆ. ಪಟ್ಟದರಸಿ ಶಾಂತಲೆ 1123ರಲ್ಲಿ ಶ್ರವಣಬೆಳಗೊಳದಲ್ಲಿ ಸವತಿಗಂಧವಾರಣ ಬಸದಿ ಕಟ್ಟಿಸಿದಳು.

ನಂತರದ ಕಥೆ ಒಂದು ಕಡೆ, ಸಮಕಾಲೀನ ದಾಖಲೆ ಇನ್ನೊಂದು ಕಡೆ. ಎರಡನ್ನೂ ತೂಗಿದಾಗ ಚರಿತ್ರೆಕಾರರ ಒಲವು ದಾಖಲೆಯತ್ತ. ಹಾಗೆಂದು ಶಾಸನ ಹೇಳಿದ್ದನ್ನೆಲ್ಲ ಅವರು ಒಪ್ಪಿಬಿಡುವುದಿಲ್ಲ. ಪ್ರಶಸ್ತಿ ಬರೆದ ಕವಿ ಅರಸನನ್ನು ಹೊಗಳಲೆಂದೇ ಕೂತವನು. 1311ರಲ್ಲಿ ದೆಹಲಿಯ ಸೇನಾನಿ ಮಲಿಕ್ ಕಾಫರ್ ದ್ವಾರಸಮುದ್ರಕ್ಕೆ, ಅಂದರೆ ಹಳೇಬೀಡಿಗೆ, ದಂಡೆತ್ತಿ ಬಂದದ್ದನ್ನು ದೆಹಲಿಯ ಆಸ್ಥಾನದಲ್ಲಿದ್ದು ಬರೆದ ಅಮೀರ್ ಖುಸ್ರೊ ಕೂಡ ತನ್ನ ಸುಲ್ತಾನನ ಗೆಲುವನ್ನು ಕೊಂಡಾಡಿದವನೇ. ನಮ್ಮವರ ಹೊಗಳಿಕೆಗೂ ಅವರ ಹೊಗಳಿಕೆಗೂ ಅಳತೆಗೋಲು ಒಂದೇ ಇರಬೇಕು. ಬರೆದವರು ಯಾರು? ಯಾವಾಗ ಬರೆದರು? ಯಾರಿಗಾಗಿ? ಏನನ್ನು ಹೇಳದೆ ಬಿಟ್ಟರು? ಈ ನಾಲ್ಕು ಪ್ರಶ್ನೆಗಳಿಂದ ಯಾವ ದಾಖಲೆಗೂ ವಿನಾಯಿತಿ ಇಲ್ಲ.

ಜಕಣಾಚಾರಿ ಮತ್ತು ದಾಸೋಜ

ಬೇಲೂರು ಎಂದಕೂಡಲೇ ನಾಲಿಗೆಗೆ ಬರುವ ಶಿಲ್ಪಿಯ ಹೆಸರು ಜಕಣಾಚಾರಿ. ಕಪ್ಪೆ ಚೆನ್ನಿಗರಾಯನ ಕಥೆ, ಮಗ ಡಂಕಣನ ಕಥೆ ಕೇಳದವರು ಈ ಕಡೆ ವಿರಳ. ಆದರೆ ಈ ಗುಡಿಯನ್ನು ಜಕಣಾಚಾರಿ ಕಟ್ಟಿದನೆಂದು ಬೇಲೂರಿನ ಯಾವ ಶಾಸನವೂ ಹೇಳುವುದಿಲ್ಲ. ಮದನಿಕೆಗಳ ಪೀಠದಲ್ಲಿ ಸಿಗುವುದು ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಮೊದಲಾದವರ ಹೆಸರು. ಮುಂದೆ 13ನೇ ಶತಮಾನದಲ್ಲಿ ರೂವಾರಿ ಮಲ್ಲಿತಮ್ಮ ಸೋಮನಾಥಪುರವೂ ಸೇರಿದಂತೆ ಹಲವು ಗುಡಿಗಳಲ್ಲಿ ತನ್ನ ಹೆಸರು ಕೊರೆದ. ಷ. ಶೆಟ್ಟರ್ ಅವರಂಥ ವಿದ್ವಾಂಸರು ಈ ಅಂಕಿತಗಳ ಬೆನ್ನು ಹತ್ತಿ, ಶಿಲ್ಪಿಗಳು ಯಾವ ಊರಿನಿಂದ ಬಂದರು, ಯಾವ್ಯಾವ ಗುಡಿಗೆ ಕೆಲಸಕ್ಕೆ ಹೋದರು ಎಂಬುದನ್ನು ಬಿಡಿಸಿಟ್ಟರು.

ಜಕಣಾಚಾರಿಯ ಕಥೆಯನ್ನು ಮಕ್ಕಳಿಂದ ಕಿತ್ತುಕೊಳ್ಳಬೇಕಿಲ್ಲ. ಶಿಲ್ಪಿಗೆ ಜನ ಕೊಟ್ಟ ಗೌರವಕ್ಕೆ ಅದು ಸಾಕ್ಷಿ. ಅದರ ಜೊತೆಗೆ ದಾಸೋಜನ ಹೆಸರನ್ನೂ ಓದಿಸಬೇಕು. ತನ್ನ ಕೈಯಾರೆ ಹೆಸರು ಬರೆದಿಟ್ಟು ಹೋದವನನ್ನು ಮರೆಯುವುದು ನ್ಯಾಯವಲ್ಲ.

ಕಲ್ಲಿನಲ್ಲಿ ಇಲ್ಲದವರು

ಎಂ. ಚಿದಾನಂದಮೂರ್ತಿಯವರ ‘ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನ’ 1966ರಲ್ಲಿ ಪ್ರಕಟವಾಯಿತು. ಅರಸರ ವಂಶಾವಳಿಗೆಂದು ಓದುತ್ತಿದ್ದ ಶಾಸನಗಳಲ್ಲಿ ಜನಜೀವನವನ್ನೂ ಕಾಣಬಹುದೆಂದು ಅದು ತೋರಿಸಿಕೊಟ್ಟಿತು. ಊರ ದನ ಹೊಡೆದೊಯ್ದವರನ್ನು ತಡೆದು ಮಡಿದವನ ವೀರಗಲ್ಲು, ಕೆರೆಗೆ ಬಿಟ್ಟ ಭೂಮಿಯ ದಾನಪತ್ರ ಅರಮನೆಯಷ್ಟೇ ಮುಖ್ಯವಾದವು.

ಆದರೂ ಶಾಸನ ಮಾತಾಡುವುದು ಹೆಚ್ಚಾಗಿ ಕೊಟ್ಟವರ ಬಗ್ಗೆ, ಪಡೆದವರ ಬಗ್ಗೆ. ಕಲ್ಲು ಹೊತ್ತವರು, ಕೆರೆ ತೋಡಿದವರು ಅಲ್ಲಿ ವಿರಳ. ಅರೇಹಳ್ಳಿಯ ಇತ್ತೀಚಿನ ಗತಕಾಲಕ್ಕೂ ಈ ಮಾತು ಸಲ್ಲುತ್ತದೆ. ಮಲೆನಾಡಿನ ಕಾಫಿಯ ಚರಿತ್ರೆ ಎಂದರೆ ಬಾಬಾಬುಡನ್ ಅವರ ಕಥೆ, ಬ್ರಿಟಿಷ್ ಪ್ಲಾಂಟರುಗಳ ಪುಸ್ತಕ ಎಂದಾಗಿಬಿಟ್ಟಿದೆ. ಘಟ್ಟದ ಕೆಳಗಿನಿಂದಲೂ ತಮಿಳುನಾಡಿನಿಂದಲೂ ಬಂದು ಲೈನ್ ಮನೆಗಳಲ್ಲಿ ಬಾಳಿ ತೋಟ ಬೆಳೆಸಿದವರ ಚರಿತ್ರೆಯನ್ನು ಹಾಜರಿ ಪುಸ್ತಕ, ಪಹಣಿ, ಹಳೆಯ ಫೋಟೊ ಮತ್ತು ಹಿರಿಯರ ನೆನಪುಗಳಿಂದಲೇ ಕಟ್ಟಬೇಕು. ನೆನಪೂ ತಪ್ಪಬಹುದು. ಹಾಗಾಗಿ ಒಬ್ಬರ ಮಾತನ್ನು ಇನ್ನೊಬ್ಬರ ಮಾತಿನೊಂದಿಗೆ, ಎರಡನ್ನೂ ಕಾಗದದೊಂದಿಗೆ ಹೋಲಿಸಬೇಕು. ಈ ಅಜ್ಜ ಅಜ್ಜಿಯರು ನಮ್ಮೊಂದಿಗೆ ಇರುವಾಗಲೇ ಈ ಕೆಲಸ ಆಗಬೇಕು.

ತರಗತಿ ಹೊರಗೆ ಬರಲಿ

ಫ್ರಾನ್ಸಿನ ಚರಿತ್ರೆಕಾರ ಮಾರ್ಕ್ ಬ್ಲಾಕ್, ಇತಿಹಾಸದಿಂದ ಏನು ಉಪಯೋಗ ಎಂದು ಒಬ್ಬ ಹುಡುಗ ಚರಿತ್ರೆಕಾರನಾದ ತನ್ನ ತಂದೆಯನ್ನು ಕೇಳಿದ ಪ್ರಶ್ನೆಯಿಂದ ಪುಸ್ತಕವೊಂದನ್ನು ಆರಂಭಿಸಿದರು. ಎರಡನೇ ಮಹಾಯುದ್ಧದ ನಡುವೆ ಬರೆದ ಆ ಪುಸ್ತಕ ಮುಗಿಯಲಿಲ್ಲ. 1944ರಲ್ಲಿ ನಾಜಿಗಳು ಅವರನ್ನು ಗುಂಡಿಟ್ಟು ಕೊಂದರು. ಸುಳ್ಳು ಸುದ್ದಿಗಳ ನಡುವೆ ಬಾಳಿದ ಅವರಿಗೆ ಸಾಕ್ಷ್ಯವನ್ನು ಶೋಧಿಸಿ ನೋಡುವ ಅಭ್ಯಾಸ ಪ್ರತಿಯೊಬ್ಬ ಪ್ರಜೆಗೂ ಬೇಕೆನಿಸಿತ್ತು. ಮೊಬೈಲಿಗೆ ದಿನವೂ ಇತಿಹಾಸದ ಹೆಸರಿನಲ್ಲಿ ಏನೇನೋ ಬಂದು ಬೀಳುವ ಈ ಕಾಲದಲ್ಲಿ ನಮ್ಮ ಮಕ್ಕಳಿಗೂ ಅದು ಬೇಕು.

2023ರ ಸೆಪ್ಟೆಂಬರಿನಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರಗಳು ಯುನೆಸ್ಕೊ ವಿಶ್ವ ಪರಂಪರೆ ಪಟ್ಟಿ ಸೇರಿದವು. ಜಗತ್ತು ನೋಡಲು ಬರುವ ಈ ಗುಡಿಗಳ ಮುಂದೆ ನಮ್ಮ ಮಕ್ಕಳು ಗುಂಪು ಫೋಟೊ ತೆಗೆಸಿಕೊಂಡು ಮರಳಿದರೆ ಸಾಲದು. ಒಂದು ಶಾಸನದ ಅಚ್ಚಾದ ಪಾಠವನ್ನು ಮೊದಲೇ ತರಗತಿಯಲ್ಲಿ ಓದಿಸಿ, ಆಮೇಲೆ ಆ ಕಲ್ಲಿನ ಎದುರು ನಿಲ್ಲಿಸಿ, ಮೇಲೆ ಹೇಳಿದ ಆ ನಾಲ್ಕು ಪ್ರಶ್ನೆ ಕೇಳಿಸೋಣ. ತಮ್ಮ ಊರಿನ ವೀರಗಲ್ಲಿನ ಚಿತ್ರ ಬರೆಸಿ, ಕೆಳಗಿನ ಪಟ್ಟಿಕೆಯ ಯುದ್ಧದಿಂದ ಮೇಲಿನ ಪಟ್ಟಿಕೆಯ ಕೈಲಾಸದವರೆಗೆ ಏನಿದೆ ಎಂದು ಅವರಿಂದಲೇ ಹೇಳಿಸೋಣ. ಪರೀಕ್ಷೆಯಲ್ಲಿ ಇಸವಿಗೆ ಒಂದು ಅಂಕವಿದ್ದರೆ, ಆ ಇಸವಿ ಹೇಗೆ ಗೊತ್ತಾಯಿತು ಎಂಬುದಕ್ಕೆ ಎರಡು ಅಂಕವಿರಲಿ. ಅಂಥ ಪ್ರಶ್ನೆಪತ್ರಿಕೆ ಅರೇಹಳ್ಳಿಯಿಂದಲೇ ಶುರುವಾಗಬಹುದು. ಅದಕ್ಕೆ ಬೇಕಾದಷ್ಟು ಸಾಕ್ಷ್ಯ ಈ ತಾಲ್ಲೂಕಿನಲ್ಲೇ ಇದೆ.