ಉಭಯ ಲೋಕಾಧೀಶ್ವರನ ಕೊನೆಯ ಸವಾರಿ

ಸೊರಬ ತಾಲ್ಲೂಕಿನ ಆನವಟ್ಟಿಗೆ ಸಮೀಪದ ಕುಬಟೂರಿಗೆ ಹೋದವರು ಕೈಟಭೇಶ್ವರ ದೇವಾಲಯವನ್ನು ನೋಡದೆ ಬರುವುದಿಲ್ಲ. ಚಂದ್ರಹಾಸ ಆಳಿದ ಕುಂತಳನಗರ ಇದೇ ಎಂಬ ನಂಬಿಕೆ ಈ ಊರಿಗೆ ಅಂಟಿಕೊಂಡಿದೆ. ಚಂದ್ರಹಾಸನ ಕಥೆ ಮಕ್ಕಳಿಗೂ ಗೊತ್ತು. ಅವನಿಗೆ ‘ವಿಷ’ ಕೊಡಬೇಕೆಂದು ಮಂತ್ರಿ ದುಷ್ಟಬುದ್ಧಿ ಬರೆದ ಪತ್ರ, ಅಕ್ಷರ ತಿದ್ದಿದ್ದರಿಂದ ‘ವಿಷಯೆ’ಯನ್ನು ಕೊಡಬೇಕೆಂದಾಯಿತು. ಸಾಯಬೇಕಿದ್ದ ಅನಾಥ ಹುಡುಗ ಮಂತ್ರಿಯ ಅಳಿಯನಾದ, ಮುಂದೆ ರಾಜನೂ ಆದ.

ಇದೇ ಸೀಮೆಯಲ್ಲಿ, ಇನ್ನೂರು ವರ್ಷಗಳಿಗೂ ಹಿಂದೆ, ಮತ್ತೊಬ್ಬ ಸಾಹಸಿ ರಾಜನಾಗಲು ಹೊರಟಿದ್ದ. ಅವನ ಹಣೆಬರಹವೂ ಪತ್ರಗಳಲ್ಲೇ ಉಳಿಯಿತು. ಆದರೆ ಅವು ವೈರಿಗಳು ಬರೆದ ಪತ್ರಗಳು. ಅವುಗಳಲ್ಲಿ ಅವನೊಬ್ಬ ದರೋಡೆಕೋರ. ಇಂದು ನಮ್ಮ ಹತ್ತನೆಯ ತರಗತಿಯ ಮಕ್ಕಳು ಓದುವ ಪಾಠದಲ್ಲಿ ಅವನು ಬ್ರಿಟಿಷರನ್ನು ಎದುರಿಸಿದ ವೀರ. ಅವನೇ ಧೋಂಡಿಯಾ ವಾಘ್. ಈ ಎರಡರಲ್ಲಿ ಯಾವುದು ನಿಜ?

ಚನ್ನಗಿರಿಯ ಹುಡುಗ

ಧೋಂಡಿಯಾ ಹುಟ್ಟಿದ್ದು ಚನ್ನಗಿರಿಯ ಒಂದು ಮರಾಠ ಮನೆತನದಲ್ಲಿ. ಹೈದರಾಲಿಯ ಅಶ್ವದಳಕ್ಕೆ ಸಾಮಾನ್ಯ ಸವಾರನಾಗಿ ಸೇರಿದ. ಆ ಕಾಲದಲ್ಲಿ ಬಡವರ ಮಗನೊಬ್ಬ ಮೇಲೇರಲು ಕುದುರೆಗಿಂತ ಒಳ್ಳೆಯ ಏಣಿ ಇರಲಿಲ್ಲ. ಸರ್ಕಾರದ ಕುದುರೆ ಏರಿದವನು ಬಾರಗೀರ. ಸ್ವಂತ ಕುದುರೆ, ಸ್ವಂತ ಕತ್ತಿ ತಂದವನು ಸಿಲೇದಾರ. ಸಿಲೇದಾರನಿಗೆ ಸಂಬಳ ಹೆಚ್ಚು, ಸ್ವಾತಂತ್ರ್ಯವೂ ಹೆಚ್ಚು. ಆದರೆ ಯುದ್ಧದಲ್ಲಿ ಕುದುರೆ ಸತ್ತರೆ ಅವನ ಸಂಸಾರವೇ ಬೀದಿಗೆ ಬೀಳುತ್ತಿತ್ತು.

ಮೂರನೆಯ ಮೈಸೂರು ಯುದ್ಧದ ಗೊಂದಲದಲ್ಲಿ ಧೋಂಡಿಯಾ ಟಿಪ್ಪುವಿನ ಸೈನ್ಯ ಬಿಟ್ಟು, ಧಾರವಾಡದ ಕಡೆಗೆ ಹೋಗಿ ತನ್ನದೇ ದಂಡು ಕಟ್ಟಿದ. ಹಾವೇರಿ, ಸವಣೂರು ಅವನ ಕೈಸೇರಿದವು. ಪೇಶ್ವೆಯ ಸರದಾರ ಧೋಂಡೋಪಂತ ಗೋಖಲೆ ಬೆನ್ನುಹತ್ತಿದಾಗ, 1794ರಲ್ಲಿ ಮತ್ತೆ ಟಿಪ್ಪುವಿನ ಆಶ್ರಯಕ್ಕೇ ಬಂದ. ಸುಲ್ತಾನ ಅವನನ್ನು ಮತಾಂತರಗೊಳಿಸಿ, ಕೊನೆಗೆ ಶ್ರೀರಂಗಪಟ್ಟಣದ ಸೆರೆಮನೆಗೆ ತಳ್ಳಿದ.

1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದಿತು, ಟಿಪ್ಪು ಮಡಿದ. ಗೆದ್ದವರು ಸೆರೆಮನೆಯ ಬಾಗಿಲು ತೆರೆದಾಗ ಹೊರಬಂದವರಲ್ಲಿ ಧೋಂಡಿಯಾನೂ ಒಬ್ಬ. ತಾವು ಯಾರನ್ನು ಬಿಡುತ್ತಿದ್ದೇವೆಂದು ಆಗ ಇಂಗ್ಲಿಷರಿಗೆ ತಿಳಿದಿರಲಿಲ್ಲ.

ಕೆಲಸವಿಲ್ಲದ ಸವಾರರು

ಟಿಪ್ಪುವಿನೊಂದಿಗೆ ಅವನ ಸೈನ್ಯವೂ ಮುರಿದುಬಿದ್ದಿತ್ತು. ಕುದುರೆ ಸವಾರಿಯ ಹೊರತು ಬೇರೆ ಕಸುಬು ಅರಿಯದ ಸಾವಿರಾರು ಜನ ಒಂದೇ ದಿನದಲ್ಲಿ ಅನ್ನಕ್ಕೆ ದಾರಿಯಿಲ್ಲದವರಾದರು. ಅವರಿಗೆ ಬೇಕಾಗಿದ್ದವನು ಒಬ್ಬ ನಾಯಕ. ಧೋಂಡಿಯಾ ಬಿದನೂರು ಸೀಮೆಗೆ ಬಂದು ಬಾವುಟ ಹಾರಿಸಿದ. ಕೆಲವೇ ವಾರಗಳಲ್ಲಿ ಶಿವಮೊಗ್ಗ, ಹೊನ್ನಾಳಿ, ಶಿಕಾರಿಪುರದ ಕೋಟೆಗಳು ಅವನ ವಶವಾದವು. ತಾನು ‘ಉಭಯ ಲೋಕಾಧೀಶ್ವರ’ ಎಂದು ಬಿರುದು ಧರಿಸಿದ. ಇಹಕ್ಕೂ ಪರಕ್ಕೂ ತಾನೇ ಒಡೆಯನೆಂದು!

ಅವನನ್ನು ಹಿಡಿಯಲು ಕರ್ನಲ್ ಸ್ಟೀವನ್‌ಸನ್ ಮತ್ತು ಕರ್ನಲ್ ಡಾಲ್ರಿಂಪಲ್ ಎರಡು ದಿಕ್ಕಿನಿಂದ ಬಂದರು. 1799ರ ಆಗಸ್ಟ್‌ನಲ್ಲಿ ಶಿವಮೊಗ್ಗ, ಹೊನ್ನಾಳಿ ಕೋಟೆಗಳು ಬಿದ್ದವು. ಶಿಕಾರಿಪುರದ ಬಳಿ ಅವನ ಸವಾರರು ತುಂಬಿ ಹರಿಯುತ್ತಿದ್ದ ಹೊಳೆಗೆ ತಳ್ಳಲ್ಪಟ್ಟರು. ಉಳಿದವರೊಂದಿಗೆ ಅವನು ಉತ್ತರಕ್ಕೆ ಓಡಿದ. ಆನವಟ್ಟಿ, ಕುಬಟೂರುಗಳ ಉತ್ತರಕ್ಕಿರುವ ಹಾನಗಲ್ಲು ಸೀಮೆ ಆಗ ಮರಾಠರ ರಾಜ್ಯ. ಗಡಿ ದಾಟಿದರೆ ಇಂಗ್ಲಿಷರು ಬೆನ್ನಟ್ಟುವಂತಿರಲಿಲ್ಲ. ಆದರೆ ಅಲ್ಲಿ ಕಾದಿದ್ದವನು ಹಳೆಯ ವೈರಿ ಗೋಖಲೆ. ಅವನು ಧೋಂಡಿಯಾನ ಬಿಡಾರವನ್ನೇ ಸೂರೆ ಮಾಡಿದ.

ಕಥೆ ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಮರುವರ್ಷ ಧೋಂಡಿಯಾ ಇನ್ನೂ ದೊಡ್ಡ ದಂಡಿನೊಂದಿಗೆ ಮರಳಿದ.

ಬೆನ್ನುಹತ್ತಿದ ಕರ್ನಲ್

ಈ ಬಾರಿ ಅವನಿಗೆ ಎದುರಾದವನು ಮೈಸೂರಿನ ಸೇನೆಯ ಹೊಣೆ ಹೊತ್ತಿದ್ದ ಆರ್ಥರ್ ವೆಲ್ಲೆಸ್ಲಿ. ವಯಸ್ಸು 31. ಗವರ್ನರ್ ಜನರಲ್ ಆಗಿದ್ದ ಅಣ್ಣನೇ ಅವನಿಗೆ ಬಟೇವಿಯಾ ದಂಡಯಾತ್ರೆಯ ನಾಯಕತ್ವ ಕೊಡಲು ಮುಂದಾಗಿದ್ದ. ಕೀರ್ತಿ, ಹಣ ಎರಡೂ ಸಿಗುವ ಆ ಅವಕಾಶವನ್ನು ವೆಲ್ಲೆಸ್ಲಿ ಬಿಟ್ಟ. ಧೋಂಡಿಯಾನನ್ನು ಹಾಗೆಯೇ ಬಿಟ್ಟು ಮೈಸೂರಿನಿಂದ ಕದಲುವಂತಿರಲಿಲ್ಲ. ಎಲ್ಲಿದ್ದರೂ ಅಟ್ಟಿಸಿಕೊಂಡು ಹೋಗಿ, ಮೊದಲು ಕಂಡ ಮರಕ್ಕೆ ಅವನನ್ನು ನೇಣು ಹಾಕಬೇಕೆಂದು ಮದರಾಸಿನಿಂದ ಆದೇಶ ಬಂದಿತ್ತು. ಈ ಸಲ ಮರಾಠರ ಸೀಮೆಗೆ ಕಾಲಿಡಲೂ ಒಪ್ಪಿಗೆ ದೊರೆತಿತ್ತು.

1800ರ ಜೂನ್ ಕೊನೆಯಲ್ಲಿ ಹರಿಹರದ ಬಳಿ ಇಂಗ್ಲಿಷ್ ಸೈನ್ಯ ತುಂಗಭದ್ರೆ ದಾಟಿತು. ರಾಣೆಬೆನ್ನೂರು ಬಿದ್ದಿತು. ಅದೇ ಹೊತ್ತಿಗೆ, ಜೂನ್ 30ರಂದು, ಕಿತ್ತೂರಿನ ಸಮೀಪ ಧೋಂಡಿಯಾ ಗೋಖಲೆಯ ಮೇಲೆ ಎರಗಿ ಅವನನ್ನು ಕೊಂದ. ಗೋಖಲೆಯ ನೆತ್ತರಲ್ಲಿ ಮೀಸೆ ಅದ್ದುತ್ತೇನೆಂದು ಶಪಥ ಮಾಡಿದ್ದನೆಂದೂ, ಅದನ್ನು ಹಾಗೆಯೇ ನಡೆಸಿದನೆಂದೂ ಹೇಳುತ್ತಾರೆ.

ಧೋಂಡಿಯಾನ ಬಲ ವೇಗ. ಭಾರವಾದ ತೋಪುಗಳಿಗೆ ಕಾಯದೆ, ಶತ್ರು ಬರುವ ಮೊದಲೇ ಜಾಗ ಬದಲಿಸುವುದು ಅವನ ಯುದ್ಧ. ಅವನಂತೆ ಓಡಿದರೆ ಗೆಲ್ಲಲಾಗದೆಂದು ವೆಲ್ಲೆಸ್ಲಿ ಅರಿತ. ಅವನು ಹೆಚ್ಚು ತಲೆ ಕೆಡಿಸಿಕೊಂಡದ್ದು ಅಕ್ಕಿ ಮತ್ತು ಎತ್ತುಗಳ ಬಗ್ಗೆ. ಎತ್ತಿನ ಹಿಂಡುಗಳ ಮೇಲೆ ಧಾನ್ಯ ಹೇರಿಕೊಂಡು ಸೈನ್ಯಗಳ ಜೊತೆ ಸಾಗುತ್ತಿದ್ದ ಲಂಬಾಣಿ ತಾಂಡಾಗಳೇ ಆ ಕಾಲದ ಉಗ್ರಾಣ. ಅವರನ್ನು ಒಲಿಸಿಕೊಳ್ಳುವುದು, ಅವರಿಗೆ ಸರಿಯಾಗಿ ಹಣ ಕೊಡುವುದು ಅವನ ಯುದ್ಧದ ಅರ್ಧ ಭಾಗ. ಮಳೆಗಾಲದ ಹೊಳೆಗಳೂ ಅವನಿಗೆ ನೆರವಾದವು. ಹರಿಗೋಲುಗಳಿದ್ದವನಿಗೆ ತುಂಬಿದ ನದಿ ದಾರಿ, ಇಲ್ಲದವನಿಗೆ ಗೋಡೆ.

ಜುಲೈ 14ರಂದು ಕುಂದಗೋಳ, 26ರಂದು ಡಂಬಳ ವೆಲ್ಲೆಸ್ಲಿಯ ಕೈಸೇರಿದವು. ಜುಲೈ 30ರಂದು ಮುನವಳ್ಳಿಯ ಎದುರು, ಮಲಪ್ರಭೆಯ ದಡದಲ್ಲಿದ್ದ ಧೋಂಡಿಯಾನ ಬಿಡಾರದ ಮೇಲೆ ಅವನ ಕುದುರೆಪಡೆ ಹಠಾತ್ತನೆ ಬಿದ್ದಿತು. ಸಾವಿರಾರು ಜನ ಹೊಳೆಯ ಪಾಲಾದರು. ಆದರೆ ಧೋಂಡಿಯಾ ಅದಾಗಲೇ ಆಚೆ ದಡದಲ್ಲಿದ್ದ.

ಕೊನಗಲ್ಲು, ಸೆಪ್ಟೆಂಬರ್ 10

ಬೇಟೆ ಇನ್ನೂ ನಲವತ್ತು ದಿನ ನಡೆಯಿತು. ಒಂದು ಕಡೆಯಿಂದ ಸ್ಟೀವನ್‌ಸನ್, ಇನ್ನೊಂದು ಕಡೆಯಿಂದ ವೆಲ್ಲೆಸ್ಲಿ ಅಟ್ಟುತ್ತ ಧೋಂಡಿಯಾನನ್ನು ಪೂರ್ವಕ್ಕೆ, ನಿಜಾಮನ ರಾಯಚೂರು ಸೀಮೆಗೆ ತಳ್ಳಿದರು. 1800ರ ಸೆಪ್ಟೆಂಬರ್ 10ರ ಬೆಳಿಗ್ಗೆ ಕೊನಗಲ್ಲಿನ ಬಳಿ ಇಬ್ಬರೂ ಮುಖಾಮುಖಿಯಾದರು. ಧೋಂಡಿಯಾನ ಬಳಿ ಸುಮಾರು 5,000 ಸವಾರರು. ಕಾಲಾಳುಗಳನ್ನು ಹಿಂದೆ ಬಿಟ್ಟು ಬಂದಿದ್ದ ವೆಲ್ಲೆಸ್ಲಿಯ ಬಳಿ ನಾಲ್ಕೇ ರೆಜಿಮೆಂಟು, ಎರಡು ಬಿಳಿಯರವು, ಎರಡು ಮದರಾಸಿನವು.

ಧೋಂಡಿಯಾ ಓಡಲಿಲ್ಲ. ಒಳ್ಳೆಯ ನೆಲ ನೋಡಿ ಗಟ್ಟಿಯಾಗಿ ನಿಂತ. ವೆಲ್ಲೆಸ್ಲಿ ತನ್ನ ನಾಲ್ಕೂ ರೆಜಿಮೆಂಟುಗಳನ್ನು ಒಂದೇ ಸಾಲಾಗಿ ಹರಡಿದ. ಹಿಂದೆ ಮೀಸಲು ಪಡೆ ಎಂಬುದೇ ಇಲ್ಲ. ತಾನೇ ಮುಂದೆ ನಿಂತು ನುಗ್ಗಿದ. ಆ ಹೊಡೆತ ತಡೆಯದೆ ಎದುರಿನ ಸಾಲು ಒಡೆಯಿತು. ಬಿದ್ದವರಲ್ಲಿ ಧೋಂಡಿಯಾನ ಶವ ಸಿಕ್ಕಿತು. ಅದನ್ನು ತೋಪಿನ ಗಾಡಿಯ ಮೇಲೆ ಕಟ್ಟಿ ಬಿಡಾರಕ್ಕೆ ತಂದರು. ಹದಿನೈದು ವರ್ಷಗಳ ನಂತರ ವಾಟರ್ಲೂವಿನಲ್ಲಿ ನೆಪೋಲಿಯನ್ನನನ್ನು ಸೋಲಿಸಿ ಜಗತ್ಪ್ರಸಿದ್ಧನಾದ ಡ್ಯೂಕ್ ಆಫ್ ವೆಲಿಂಗ್ಟನ್ ಇದೇ ವೆಲ್ಲೆಸ್ಲಿ. ಸ್ವತಂತ್ರ ಸೇನಾನಿಯಾಗಿ ಅವನು ಯುದ್ಧದ ಪಾಠ ಕಲಿತದ್ದು ತುಂಗಭದ್ರೆ, ವರದೆ, ಮಲಪ್ರಭೆಗಳ ದಡದಲ್ಲಿ, ಚನ್ನಗಿರಿಯ ಒಬ್ಬ ಸವಾರನನ್ನು ಬೆನ್ನಟ್ಟುತ್ತ.

ಸಾಮಾನುಗಳ ನಡುವೆ ನಾಲ್ಕು ವರ್ಷದ ಒಂದು ಮಗು ಸಿಕ್ಕಿತು. ಧೋಂಡಿಯಾನ ಮಗ ಸಲಾಬತ್ ಖಾನ್. ತಂದೆಯನ್ನು ಕೊಂದ ವೆಲ್ಲೆಸ್ಲಿಯೇ ಮಗುವನ್ನು ತನ್ನ ಗುಡಾರಕ್ಕೆ ಕರೆಸಿಕೊಂಡ. 1805ರಲ್ಲಿ ಭಾರತ ಬಿಡುವಾಗ ಹುಡುಗನ ಪಾಲನೆಗೆ ಹಣ ಇಟ್ಟು ಹೋದ. ಸಲಾಬತ್ ಬೆಳೆದು ಮೈಸೂರು ಮಹಾರಾಜರ ಸೇವೆಗೆ ಸೇರಿದ. 1822ರಲ್ಲಿ ಕಾಲರಾದಿಂದ ತೀರಿಕೊಂಡ.

ದರೋಡೆಕೋರನೋ, ದಂಡನಾಯಕನೋ?

ಧೋಂಡಿಯಾ ಊರುಗಳನ್ನು ಸುಲಿದದ್ದು ಸುಳ್ಳಲ್ಲ. ಅವನ ಸವಾರರ ಹೊಟ್ಟೆ ತುಂಬಿದ್ದು ರೈತರ ಕಣಜದಿಂದಲೇ. ಬಿದನೂರು ಸೀಮೆಯ ಹಳ್ಳಿಗರಿಗೆ ಅವನ ಬಾವುಟ ಕಂಡರೆ ಸಂತೋಷವಾಗಿತ್ತೆಂದು ಹೇಳಲಾಗದು. ಸ್ವಾತಂತ್ರ್ಯ, ದೇಶ ಎಂಬ ನಮ್ಮ ಇಂದಿನ ಮಾತುಗಳನ್ನು ಅವನ ಬಾಯಿಗೆ ತುರುಕುವುದೂ ಸರಿಯಲ್ಲ.

ಆದರೆ ಬರಿಯ ಕಳ್ಳನಿಗಾಗಿ ಯಾರೂ ಬಟೇವಿಯಾ ಬಿಡುವುದಿಲ್ಲ, ಎರಡು ಸೈನ್ಯಗಳನ್ನು ಎರಡೂವರೆ ತಿಂಗಳು ಮಳೆಯಲ್ಲಿ ನಡೆಸುವುದಿಲ್ಲ. ಆಗ ಕೆನರಾದ ಕಲೆಕ್ಟರನಾಗಿದ್ದ ಥಾಮಸ್ ಮನ್ರೋ ವೆಲ್ಲೆಸ್ಲಿಗೆ ಬರೆದ ಮಾತಿನ ಸಾರಾಂಶ ಇದು: ನಿಮ್ಮ ಸೈನ್ಯ ಅಡ್ಡ ಬಾರದಿದ್ದರೆ ಧೋಂಡಿಯಾ ಸ್ವತಂತ್ರ ರಾಜನಾಗುತ್ತಿದ್ದ, ಹೊಸ ವಂಶವೊಂದರ ಮೂಲಪುರುಷನಾಗುತ್ತಿದ್ದ. ಅವನ ವಂಶ ಕ್ರೂರವೇ ಆಗಿರುತ್ತಿತ್ತೆಂದೂ ಮನ್ರೋ ಸೇರಿಸಿದ. ಹೊಗಳಲು ಇಷ್ಟವಿಲ್ಲದವನ ಬಾಯಿಂದ ಬಂದ ಮಾತಾದ್ದರಿಂದಲೇ ಅದಕ್ಕೆ ಬೆಲೆ. ಹೈದರಾಲಿಯೂ ಸವಾರನಾಗಿಯೇ ಶುರು ಮಾಡಿದವನಲ್ಲವೇ? ಗೆದ್ದದ್ದರಿಂದ ಅವನು ನವಾಬನಾದ. ಸೋತದ್ದರಿಂದ ಇವನು ದರೋಡೆಕೋರನಾದ.

ಪರೀಕ್ಷೆಗಾಗಿ ಓದುವ ಮಕ್ಕಳಿಗೆ ಧೋಂಡಿಯಾ ವಾಘ್ ಕೆಲವು ಅಂಕಗಳ ಪ್ರಶ್ನೆ. ಆ ಉತ್ತರ ಬರೆಯುವಾಗ ಒಂದು ಮಾತು ನೆನಪಿರಲಿ. ಚಂದ್ರಹಾಸನ ಪತ್ರವನ್ನು ತಿದ್ದಲು ವಿಷಯೆ ಇದ್ದಳು. ಧೋಂಡಿಯಾನ ಕುರಿತು ಬರೆದ ಪತ್ರಗಳನ್ನು ತಿದ್ದುವವರು ಯಾರೂ ಇರಲಿಲ್ಲ. ಅವುಗಳನ್ನು ತಿದ್ದುವ ಕೆಲಸ ನಮ್ಮದೂ ಅಲ್ಲ. ಯಾರು ಬರೆದರು, ಯಾಕೆ ಬರೆದರು ಎಂದು ಕೇಳಿಕೊಂಡು ಓದಿದರೆ ಸಾಕು.