ಕೈ ಜೋಮು ಹಿಡಿದಾಗ: ಮಣಿಕಟ್ಟಿನ ಸ್ಕ್ಯಾನ್ ಏನು ಹೇಳುತ್ತದೆ?

ನಡುರಾತ್ರಿ ಕೈ ಜೋಮು ಹಿಡಿದು ಎಚ್ಚರವಾಗುತ್ತದೆ. ಹೆಬ್ಬೆರಳು, ತೋರುಬೆರಳು, ನಡುಬೆರಳಿನಲ್ಲಿ ಸೂಜಿ ಚುಚ್ಚಿದಂತಾಗುತ್ತದೆ. ಎದ್ದು ಕೂತು ಕೈ ಕೊಡವಿದರೆ ಸ್ವಲ್ಪ ಹೊತ್ತಿಗೆ ಹಗುರವಾಗುತ್ತದೆ. ದಿನ ಕಳೆದಂತೆ ಅಂಗಿ ಗುಂಡಿ ಹಾಕುವುದೂ ಕಷ್ಟ, ಲೋಟ ಕೈಜಾರುತ್ತದೆ. ವಾಯು ಹಿಡಿದಿದೆ ಎಂದು ಎಣ್ಣೆ ಹಚ್ಚಿಕೊಳ್ಳುವವರಿದ್ದಾರೆ, ಪಾರ್ಶ್ವವಾಯು ಬಂತೇನೋ ಎಂದು ಹೆದರುವವರಿದ್ದಾರೆ, ಕತ್ತಿನ ಮೂಳೆ ಸವೆದಿರಬೇಕು ಎಂದು ನೇರ ಕತ್ತಿನ ಎಂಆರ್‌ಐಗೆ ಹೋಗುವವರೂ ಇದ್ದಾರೆ. ಬಹಳಷ್ಟು ಸಲ ತೊಂದರೆ ಇರುವುದು ಮಣಿಕಟ್ಟಿನಲ್ಲಿ. ವೈದ್ಯರು ಇದನ್ನು ಕಾರ್ಪಲ್ ಟನಲ್ ಸಿಂಡ್ರೋಮ್ ಎನ್ನುತ್ತಾರೆ.

ಚನ್ನಪಟ್ಟಣ ತಾಲ್ಲೂಕಿನ ಬೈರಾಪಟ್ಟಣದ ಸುತ್ತಮುತ್ತ ಬದುಕು ನಡೆಯುವುದೇ ಕೈಯ ಬಲದ ಮೇಲೆ. ಚನ್ನಪಟ್ಟಣದ ಗೊಂಬೆ ಕೆಲಸಗಾರರು ತಿರುಗುವ ಮರಕ್ಕೆ ಉಳಿ ಒತ್ತಿ ಹಿಡಿಯಬೇಕು, ಆಮೇಲೆ ಅರಗಿನ ಕಡ್ಡಿ ಒತ್ತಿ ಬಣ್ಣ ಏರಿಸಬೇಕು. ಮರದ ಅದುರು ಉಳಿಯ ಮೂಲಕ ಅಂಗೈಗೆ ಬರುತ್ತದೆ. ರಾಮನಗರದ ರೇಷ್ಮೆ ರೀಲಿಂಗ್ ಘಟಕಗಳಲ್ಲಿ ಬಿಸಿನೀರಿನಲ್ಲಿ ಬೆಂದ ಗೂಡಿನಿಂದ ಎಳೆ ಹಿಡಿಯುವ ಬೆರಳುಗಳಿಗೆ ಬಿಡುವಿಲ್ಲ. ಮನೆಯಲ್ಲಿ ಹಾಲು ಕರೆಯುವುದು, ಮುದ್ದೆ ತಿರುವುವುದು ಇದ್ದೇ ಇದೆ. ಬಿಗಿಯಾಗಿ ಹಿಡಿದು, ಮಣಿಕಟ್ಟು ಬಾಗಿಸಿ, ಅದೇ ಕೆಲಸವನ್ನು ಮತ್ತೆ ಮತ್ತೆ ಮಾಡುವವರಲ್ಲಿ ಈ ತೊಂದರೆ ಹೆಚ್ಚು. ಸಕ್ಕರೆ ಕಾಯಿಲೆ, ಥೈರಾಯ್ಡ್ ಕೊರತೆ, ಸಂಧಿವಾತ, ಗರ್ಭಾವಸ್ಥೆ, ಹೆಚ್ಚಿದ ತೂಕ, ಹಿಂದೆ ಮುರಿದಿದ್ದ ಮಣಿಕಟ್ಟು ಕೂಡ ಕಾರಣವಾಗಬಹುದು.

ಇಕ್ಕಟ್ಟಾದ ದಾರಿ

ಮಣಿಕಟ್ಟಿನಲ್ಲಿ ಎಂಟು ಪುಟ್ಟ ಮೂಳೆಗಳಿವೆ. ಅವು ಸೇರಿ ಅಂಗೈ ಕಡೆಗೆ ಒಂದು ತಗ್ಗು ಮಾಡುತ್ತವೆ. ಅದರ ಮೇಲೆ ಅಡ್ಡಲಾಗಿ ಗಟ್ಟಿ ಪಟ್ಟಿಯೊಂದು ಬಿಗಿದುಕೊಂಡಿದೆ. ಈ ಸುರಂಗದೊಳಗೆ ಬೆರಳು ಮಡಿಸುವ ಒಂಬತ್ತು ಸ್ನಾಯುರಜ್ಜುಗಳೂ ಮೀಡಿಯನ್ ಎಂಬ ನರವೂ ಹಾದುಹೋಗುತ್ತವೆ. ರಜ್ಜುಗಳ ಹೊದಿಕೆ ಊದಿಕೊಂಡರೆ ಮೂಳೆಯೂ ಜಾಗ ಕೊಡುವುದಿಲ್ಲ, ಪಟ್ಟಿಯೂ ಹಿಗ್ಗುವುದಿಲ್ಲ. ಒತ್ತಡವೆಲ್ಲ ಮೆತ್ತಗಿರುವ ನರದ ಮೇಲೆ ಬೀಳುತ್ತದೆ. ನಿದ್ದೆಯಲ್ಲಿ ಮಣಿಕಟ್ಟು ಮಡಿಚಿಕೊಂಡಾಗ ಒತ್ತಡ ಇನ್ನೂ ಏರುತ್ತದೆ. ರಾತ್ರಿಯಲ್ಲೇ ಕಾಟ ಹೆಚ್ಚಾಗುವುದು ಅದಕ್ಕೇ.

ಈ ನರ ಹೆಬ್ಬೆರಳು, ತೋರುಬೆರಳು, ನಡುಬೆರಳು ಮತ್ತು ಉಂಗುರ ಬೆರಳಿನ ಅರ್ಧಕ್ಕೆ ಸ್ಪರ್ಶ ಕೊಡುತ್ತದೆ. ಕಿರುಬೆರಳಿನ ನರ ಬೇರೆ, ಅದು ಈ ಸುರಂಗದೊಳಗೆ ಬರುವುದಿಲ್ಲ. ಹಾಗಾಗಿ ಯಾವ ಬೆರಳು ಜೋಮು ಹಿಡಿಯುತ್ತದೆ ಎಂದು ಕರಾರುವಾಕ್ಕಾಗಿ ಹೇಳುವುದೇ ರೋಗಿ ಕೊಡಬಹುದಾದ ದೊಡ್ಡ ಸುಳಿವು. ವೈದ್ಯರು ಮಣಿಕಟ್ಟನ್ನು ಒಂದು ನಿಮಿಷ ಮಡಿಚಿ ಹಿಡಿಸಿ, ನರದ ಮೇಲೆ ತಟ್ಟಿ, ಹೆಬ್ಬೆರಳ ಬುಡದ ದಿಂಡು ಬತ್ತಿದೆಯೇ ಎಂದು ನೋಡುತ್ತಾರೆ. ರೋಗಿ ಹೇಳುವ ಕಥೆ ಮತ್ತು ಈ ಪರೀಕ್ಷೆ ಹೊಂದಿಕೊಂಡರೆ ರೋಗನಿರ್ಣಯ ಬಹುಮಟ್ಟಿಗೆ ಆದಂತೆಯೇ. ಸ್ಕ್ಯಾನಿನ ಸರದಿ ಅದರ ನಂತರ.

ಯಾವ ಯಂತ್ರಕ್ಕೆ ಏನು ಕಾಣುತ್ತದೆ?

ಎಕ್ಸ್‌ರೇಯಲ್ಲಿ ಮೂಳೆ ಕಾಣುತ್ತದೆ, ನರ ಕಾಣುವುದಿಲ್ಲ. ಬಿದ್ದು ಪೆಟ್ಟಾಗಿದ್ದರೆ, ಕೀಲು ಸವೆದಿರುವ ಅನುಮಾನವಿದ್ದರೆ ಅದು ಬೇಕು. ಬರೀ ಜೋಮಿಗೆ ಅದರಿಂದ ಹೆಚ್ಚು ಉಪಯೋಗವಿಲ್ಲ. ಎಂಆರ್‌ಐಯಲ್ಲಿ ನರ, ರಜ್ಜು, ಗಂಟು ಎಲ್ಲವೂ ಕಾಣುತ್ತವೆ. ಆದರೆ ಖರ್ಚು ಜಾಸ್ತಿ. ಸುರಂಗದೊಳಗೆ ಗಡ್ಡೆಯ ಗುಮಾನಿ ಇದ್ದಾಗ ಅಥವಾ ಶಸ್ತ್ರಚಿಕಿತ್ಸೆಯ ನಂತರವೂ ತೊಂದರೆ ಉಳಿದಾಗ ಮಾತ್ರ ಅದನ್ನು ಬರೆದುಕೊಡುವುದು ಸರಿ.

ಅಲ್ಟ್ರಾಸೌಂಡ್ ಈ ಕೆಲಸಕ್ಕೆ ಒಗ್ಗುವ ಯಂತ್ರ. ಹೊಟ್ಟೆ ನೋಡಲು ಸಾಮಾನ್ಯವಾಗಿ 3ರಿಂದ 5 ಮೆಗಾಹರ್ಟ್ಸ್ ಶಬ್ದತರಂಗ ಬಳಸುತ್ತಾರೆ. ಅದು ಆಳಕ್ಕೆ ಇಳಿಯುತ್ತದೆ, ಸೂಕ್ಷ್ಮ ವಿವರ ಕೊಡುವುದಿಲ್ಲ. ಮೀಡಿಯನ್ ನರ ಚರ್ಮದ ಕೆಳಗೆ ಹತ್ತಿರದಲ್ಲೇ ಇರುವುದರಿಂದ 12ರಿಂದ 18 ಮೆಗಾಹರ್ಟ್ಸ್ ತರಂಗ ಸಾಕು. ಅದು ಆಳಕ್ಕೆ ಹೋಗದಿದ್ದರೂ ಮೇಲಿರುವುದನ್ನು ಬಹಳ ಸ್ಪಷ್ಟವಾಗಿ ತೋರಿಸುತ್ತದೆ. 1991ರಲ್ಲಿ ಆಸ್ಟ್ರಿಯಾದ ಬುಕ್‌ಬರ್ಗರ್ ಮತ್ತು ಸಂಗಡಿಗರು ಒತ್ತಡಕ್ಕೆ ಸಿಕ್ಕ ನರ ಸ್ಕ್ಯಾನಿನಲ್ಲಿ ಹೇಗೆ ಬದಲಾಗುತ್ತದೆ ಎಂದು ವಿವರಿಸಿದರು. 2012ರಲ್ಲಿ ಅಮೆರಿಕದ ನರ-ಸ್ನಾಯು ತಜ್ಞರ ಸಂಘ, ಮಣಿಕಟ್ಟಿನಲ್ಲಿ ನರದ ಅಡ್ಡಕೊಯ್ತದ ವಿಸ್ತೀರ್ಣ ಅಳೆಯುವುದು ನಂಬಬಹುದಾದ ಪರೀಕ್ಷೆ ಎಂದು ತನ್ನ ಮಾರ್ಗಸೂಚಿಯಲ್ಲಿ ಹೇಳಿತು.

ಸ್ಕ್ಯಾನ್ ಕೋಣೆಯಲ್ಲಿ

ಉಪವಾಸ ಬೇಡ, ನೀರು ಕುಡಿದು ಕಾಯುವುದೂ ಬೇಡ. ಉಂಗುರ, ಬಳೆ, ಕೈಗಡಿಯಾರ ತೆಗೆದಿಟ್ಟರೆ ಸಾಕು. ಅಂಗೈ ಮೇಲೆ ಮಾಡಿ ಕೈಯನ್ನು ದಿಂಬಿನ ಮೇಲೆ ಸಡಿಲವಾಗಿ ಇಡುತ್ತೀರಿ. ತಣ್ಣನೆಯ ಜೆಲ್ ಹಚ್ಚಿ, ಯಂತ್ರದ ಮೈಗೆ ತಾಗಿಸುವ ಭಾಗವಾದ ಪ್ರೋಬನ್ನು ಮಣಿಕಟ್ಟಿನ ಗೆರೆಯ ಬಳಿ ಅಡ್ಡಲಾಗಿ ಇಡುತ್ತಾರೆ. ಒತ್ತುವಂತಿಲ್ಲ. ಒತ್ತಿದರೆ ನರದ ಆಕಾರ ಬದಲಾಗಿ ಅಳತೆ ತಪ್ಪುತ್ತದೆ.

ಪರದೆಯ ಮೇಲೆ ಬೂದು ಬಣ್ಣದ ಅನೇಕ ಗುಂಡನೆ ಚುಕ್ಕಿಗಳು ಮೂಡುತ್ತವೆ. ಅವುಗಳಲ್ಲಿ ನರ ಯಾವುದು? ಆರೋಗ್ಯವಾದ ನರದ ಅಡ್ಡಕೊಯ್ತ ಜೇನುಹುಟ್ಟಿನ ಹಾಗೆ ಕಾಣುತ್ತದೆ: ಕಪ್ಪು ಕಣ್ಣುಗಳು, ಸುತ್ತ ಬಿಳಿ ಗೋಡೆ. ಪ್ರೋಬನ್ನು ಕೊಂಚ ಓರೆ ಮಾಡಿದರೆ ರಜ್ಜುಗಳು ಬೆಳ್ಳಗಿದ್ದವು ಕಪ್ಪಾಗಿಬಿಡುತ್ತವೆ, ನರ ಅಷ್ಟು ಬದಲಾಗುವುದಿಲ್ಲ. ಆಮೇಲೆ ಬೆರಳು ಮಡಿಸಿ ಬಿಡಿಸಿ ಎನ್ನುತ್ತಾರೆ. ರಜ್ಜುಗಳು ಜೋರಾಗಿ ಜಾರಾಡುತ್ತವೆ, ನರ ತುಸುವೇ ಸರಿಯುತ್ತದೆ. ನರವನ್ನು ಗುರುತಿಸಿದ ಮೇಲೆ ಅದರ ಅಂಚಿನುದ್ದಕ್ಕೂ ಕರ್ಸರ್ ಓಡಿಸಿ ಗೆರೆ ಎಳೆಯುತ್ತಾರೆ. ಒಳಗಿನ ವಿಸ್ತೀರ್ಣವನ್ನು ಯಂತ್ರ ಚದರ ಮಿಲಿಮೀಟರಿನಲ್ಲಿ ಹೇಳುತ್ತದೆ. ಎರಡೂ ಕೈ ನೋಡಿ ಮುಗಿಸಲು ಹೆಚ್ಚು ಹೊತ್ತು ಬೇಡ, ನೋವೂ ಇಲ್ಲ.

ವರದಿ ಓದುವುದು ಹೇಗೆ?

ಸುರಂಗದ ಬಾಗಿಲಲ್ಲಿ ನರದ ವಿಸ್ತೀರ್ಣ ಸುಮಾರು 10 ಚದರ ಮಿಲಿಮೀಟರ್ ದಾಟಿದರೆ ಅನುಮಾನ ಬಲವಾಗುತ್ತದೆ. ಒತ್ತಡದಲ್ಲಿ ಸಿಕ್ಕ ನರ ಸುರಂಗದೊಳಗೆ ಚಪ್ಪಟೆಯಾಗಿ, ಅದರ ಬಾಗಿಲ ಬಳಿ ಊದಿಕೊಳ್ಳುತ್ತದೆ. ಆದರೆ ಈ ಅಂಕಿಯನ್ನೇ ಖಚಿತ ಗೆರೆ ಎಂದು ಹಿಡಿಯಬಾರದು. ಯಂತ್ರ, ಮೈಕಟ್ಟು ಬದಲಾದಂತೆ ಅಳತೆಯೂ ಬದಲಾಗುತ್ತದೆ. ಸಕ್ಕರೆ ಕಾಯಿಲೆಯಿಂದ ಇಡೀ ನರವೇ ದಪ್ಪಗಾಗಿರಬಹುದು. ಅದಕ್ಕೇ ತಜ್ಞರು ಮಣಿಕಟ್ಟಿಗಿಂತ ಮೇಲೆ, ಮುಂಗೈಯಲ್ಲೂ ಅದೇ ನರವನ್ನು ಅಳೆದು ಹೋಲಿಸುತ್ತಾರೆ. ಮಣಿಕಟ್ಟಿನ ಅಳತೆ ಅದರ 1.4 ಪಟ್ಟು ಅಥವಾ ಹೆಚ್ಚಿದ್ದರೆ ಊತ ಅಲ್ಲೇ ಇದೆ ಎಂದರ್ಥ. ಪಟ್ಟಿ ಮೇಲಕ್ಕೆ ಉಬ್ಬಿದೆಯೇ, ನರದೊಳಗೆ ರಕ್ತದ ಹರಿವು ಹೆಚ್ಚಿದೆಯೇ ಎಂಬುದನ್ನೂ ಬರೆಯುತ್ತಾರೆ.

ಕರೆಂಟ್ ಹಾಯಿಸಿ ಮಾಡುವ ನರವಹನ ಪರೀಕ್ಷೆ ಇದಕ್ಕಿಂತ ಭಿನ್ನ. ಅದು ನರದ ಕೆಲಸವನ್ನು ಅಳೆಯುತ್ತದೆ: ಸಂಕೇತ ಮಣಿಕಟ್ಟಿನಲ್ಲಿ ಎಷ್ಟು ನಿಧಾನವಾಯಿತು ಎಂದು. ಸ್ಕ್ಯಾನ್ ನರದ ರೂಪ ನೋಡುತ್ತದೆ, ಒತ್ತಡದ ಕಾರಣವನ್ನೂ ತೋರಿಸಬಲ್ಲದು. ದ್ರವ ತುಂಬಿದ ಗಂಟು, ಊದಿದ ರಜ್ಜುಹೊದಿಕೆ, ಎರಡಾಗಿ ಸೀಳಿದ ನರ, ನರದ ಪಕ್ಕದಲ್ಲಿ ಹುಟ್ಟಿನಿಂದ ಉಳಿದ ರಕ್ತನಾಳ ಕರೆಂಟಿನ ಪರೀಕ್ಷೆಗೆ ಸಿಗುವುದಿಲ್ಲ. ಶಸ್ತ್ರಚಿಕಿತ್ಸೆ ಮಾಡುವವರಿಗೆ ಇವು ಮುಂಚೆಯೇ ತಿಳಿದಿರಬೇಕು. ಆರಂಭದ ಹಂತದಲ್ಲಿ ಎರಡೂ ಪರೀಕ್ಷೆ ಸರಿಯಾಗಿಯೇ ಬರಬಹುದು. ಆಗ ರೋಗಿಯ ಮಾತನ್ನು ನಂಬಬೇಕು.

ನಮ್ಮ ಕಡೆ ಮರೆಯಬಾರದ ಇನ್ನೊಂದು ಕಾಯಿಲೆ ಕುಷ್ಠ. ಮೈಮೇಲೆ ಸ್ಪರ್ಶವಿಲ್ಲದ ಬಿಳಿಚಿದ ಮಚ್ಚೆ ಇದ್ದು ಕೈಯೂ ಮರಗಟ್ಟಿದ್ದರೆ ಕೂಡಲೇ ಸರ್ಕಾರಿ ಆಸ್ಪತ್ರೆಗೆ ತೋರಿಸಿ. ಕುಷ್ಠದಲ್ಲಿ ನರ ಮಣಿಕಟ್ಟಿಗಿಂತ ಮೇಲೆಯೂ ದಪ್ಪಗಾಗಿರುತ್ತದೆ, ಸ್ಕ್ಯಾನಿನಲ್ಲಿ ಅದು ಕಾಣುತ್ತದೆ. ಔಷಧಿ ಉಚಿತ, ಕಾಯಿಲೆ ವಾಸಿಯಾಗುತ್ತದೆ.

ಕೇಳಬೇಕಾದ ಪ್ರಶ್ನೆಗಳು

ಚೀಟಿಯಲ್ಲಿ ಬರೀ ‘ಕೈ ಸ್ಕ್ಯಾನ್’ ಎಂದಿದ್ದರೆ ಸಾಲದು. ‘ಮಣಿಕಟ್ಟಿನ ಮೀಡಿಯನ್ ನರದ ಅಲ್ಟ್ರಾಸೌಂಡ್, ಎರಡೂ ಕೈ’ ಎಂದು ಬರೆಸಿಕೊಳ್ಳಿ. ಅಲ್ಟ್ರಾಸೌಂಡಿನಿಂದ ಭ್ರೂಣವನ್ನೂ ನೋಡಬಹುದಾದ್ದರಿಂದ, ಭ್ರೂಣಲಿಂಗ ಪತ್ತೆ ತಡೆಯುವ 1994ರ ಕಾಯ್ದೆಯಡಿ ಸ್ಕ್ಯಾನ್ ಕೇಂದ್ರ ನೋಂದಣಿಯಾಗಿರಬೇಕು. ಹಾಗಾಗಿ ಯಂತ್ರ ನೋಂದಾಯಿತ ಜಾಗ ಬಿಟ್ಟು ಮನೆಗೆ, ಶಿಬಿರಕ್ಕೆ ಸುಲಭವಾಗಿ ಬರುವುದಿಲ್ಲ, ನೀವೇ ಹೋಗಬೇಕು. ಹೋಗುವ ಮುಂಚೆ ಫೋನ್ ಮಾಡಿ ಎರಡು ಪ್ರಶ್ನೆ ಕೇಳಿ: ಥೈರಾಯ್ಡ್ ನೋಡುವಂಥ ಚಪ್ಪಟೆ ಮುಖದ ಪ್ರೋಬ್ ಇದೆಯೇ? ನರ ಅಳೆದು ರೂಢಿಯಿರುವ ರೇಡಿಯಾಲಜಿಸ್ಟ್ ಯಾವ ದಿನ ಬರುತ್ತಾರೆ? ಯಂತ್ರಕ್ಕಿಂತ ನೋಡುವವರ ಕೈಗುಣ ಇಲ್ಲಿ ದೊಡ್ಡದು. ಗೊಂದಲ ಉಳಿದರೆ ಬೆಂಗಳೂರಿನ ನಿಮ್ಹಾನ್ಸ್‌ನಂಥ ಕಡೆ ನರವಹನ ಪರೀಕ್ಷೆಯೂ ಆಗುತ್ತದೆ. ಜೊತೆಗೆ ಸಕ್ಕರೆ ಮತ್ತು ಥೈರಾಯ್ಡ್ ರಕ್ತಪರೀಕ್ಷೆ ಮಾಡಿಸಿ.

ತೊಂದರೆ ಹಗುರವಾಗಿದ್ದರೆ ರಾತ್ರಿ ಮಣಿಕಟ್ಟು ನೆಟ್ಟಗಿಡುವ ಪಟ್ಟಿ, ಕೆಲಸದ ನಡುವೆ ಬಿಡುವು, ಬೇಕಾದರೆ ಸ್ಟೀರಾಯ್ಡ್ ಚುಚ್ಚುಮದ್ದು. ಅಷ್ಟರಲ್ಲಿ ಇಳಿಯದಿದ್ದರೆ ಸುರಂಗದ ಮೇಲಿನ ಗಟ್ಟಿ ಪಟ್ಟಿ ಬಿಡಿಸುವ ಸಣ್ಣ ಶಸ್ತ್ರಚಿಕಿತ್ಸೆ. ಹೆಬ್ಬೆರಳ ಬುಡ ಬತ್ತಿದ ಮೇಲೆ ಬಂದರೆ ಶಸ್ತ್ರಚಿಕಿತ್ಸೆಯೂ ಹಳೆಯ ಹಿಡಿತವನ್ನು ಪೂರ್ತಿ ಮರಳಿಸಲಾರದು. ಕೈಯನ್ನೇ ನಂಬಿ ದುಡಿಯುವವರು ಜೋಮನ್ನು ವರ್ಷಗಟ್ಟಲೆ ಸಹಿಸಿಕೊಂಡು ಕೂರಬೇಡಿ. ರಾತ್ರಿ ಎಬ್ಬಿಸುವ ಜೋಮು ಕೆಲವು ವಾರ ಬಿಡದೆ ಬಂದರೆ ತೋರಿಸಿಕೊಳ್ಳಿ.