ನೌಕರಿ, ಲೋಕಲ್ ರೈಲು, ಕಾದಂಬರಿ: ಮುಂಬಯಿ ಕನ್ನಡ ಲೇಖಕನ ಸಾಹಿತ್ಯಜೀವನವನ್ನು ಕುರಿತು

ಲೇಖಕನ ಬದುಕನ್ನೇ ವಸ್ತುವಾಗಿಸಿಕೊಂಡ ಕಥನಸಾಹಿತ್ಯ ಪಾಶ್ಚಾತ್ಯ ಭಾಷೆಗಳಲ್ಲಿ ಹೇರಳವಾಗಿದೆ. ಜಾರ್ಜ್ ಗಿಸ್ಸಿಂಗನ ‘ನ್ಯೂ ಗ್ರಬ್ ಸ್ಟ್ರೀಟ್’ (1891) ಇದಕ್ಕೆ ಪ್ರಸಿದ್ಧ ನಿದರ್ಶನ. ಬರೆದು ಬದುಕಲು ಹೊರಟ ಲಂಡನ್ನಿನ ಕಾದಂಬರಿಕಾರ ಮಾರುಕಟ್ಟೆಯ ಒತ್ತಡದಲ್ಲಿ ನಲುಗುವ ಚಿತ್ರ ಅಲ್ಲಿದೆ. ಕನ್ನಡದಲ್ಲಿ ಕಲಾವಿದನನ್ನು ಕುರಿತ ಕಾದಂಬರಿಯ ಪರಂಪರೆ ಬಲವಾದುದೇ. ಲೇಖನಿಯನ್ನೇ ನಂಬಿ ಬಾಳಿದ ಅ.ನ.ಕೃ. ಅವರು ‘ಸಂಧ್ಯಾರಾಗ’ದಲ್ಲಿ ಸಂಗೀತಗಾರನನ್ನೂ ‘ಉದಯರಾಗ’ದಲ್ಲಿ ಚಿತ್ರಕಾರನನ್ನೂ ‘ನಟಸಾರ್ವಭೌಮ’ದಲ್ಲಿ ನಟನನ್ನೂ ನಾಯಕರನ್ನಾಗಿಸಿದರು. ಆದರೆ ಕಾದಂಬರಿಕಾರನೇ ನಾಯಕನಾಗುವುದು ಕನ್ನಡದಲ್ಲಿ ಅಷ್ಟು ರೂಢಿಯಲ್ಲಿಲ್ಲ. ಆದುದರಿಂದ ಕನ್ನಡ ಕಾದಂಬರಿಕಾರನ ಸಾಹಿತ್ಯಜೀವನವನ್ನು ಅರಿಯಬಯಸುವವರು ಅದನ್ನು ಬೇರೆಡೆಯಲ್ಲಿ, ಅಂದರೆ ಲೇಖಕರ ಪ್ರಬಂಧಗಳಲ್ಲಿ, ಅವರು ಆರಿಸಿಕೊಂಡ ವಸ್ತುಗಳಲ್ಲಿ ಮತ್ತು ಅವರನ್ನು ಪೋಷಿಸಿದ ಸಂಸ್ಥೆಗಳ ಕಡತಗಳಲ್ಲಿ ಹುಡುಕಬೇಕಾಗುತ್ತದೆ. ಕರ್ನಾಟಕದ ಹೊರಗಿನ ಸಂಶೋಧಕರಿಗೆ ಈ ಹುಡುಕಾಟಕ್ಕೆ ಮುಂಬಯಿಯಷ್ಟು ಫಲವತ್ತಾದ ಕ್ಷೇತ್ರ ಇನ್ನೊಂದಿರಲಾರದು.

ಮುಂಬಯಿಯನ್ನು ಅರಿಯಲು ವಿಕ್ರೋಳಿಯಿಂದ ಆರಂಭಿಸುವುದು ಉಚಿತ. ಮಧ್ಯ ರೈಲ್ವೆಯ ಘಾಟ್‌ಕೋಪರ್ ಮತ್ತು ಕಾಂಜೂರ್‌ಮಾರ್ಗ ನಿಲ್ದಾಣಗಳ ನಡುವಣ ಈ ಉಪನಗರ ಸ್ವಾತಂತ್ರ್ಯೋತ್ತರ ಕೈಗಾರಿಕೀಕರಣದ ಸೃಷ್ಟಿ. ದೇಶದ ಮೊದಲ ಸಾರ್ವತ್ರಿಕ ಚುನಾವಣೆಗೆ (1951–52) ಬೇಕಾದ ಉಕ್ಕಿನ ಮತಪೆಟ್ಟಿಗೆಗಳು ಭಾರಿ ಸಂಖ್ಯೆಯಲ್ಲಿ ತಯಾರಾದುದು ಇಲ್ಲಿನ ಗೋದ್ರೇಜ್ ಕಾರ್ಖಾನೆಯಲ್ಲಿ. ಅನಂತರ ಟಾಗೋರ್ ನಗರ, ಕನ್ನಮವಾರ್ ನಗರಗಳಂಥ ವಸತಿ ಮಂಡಳಿಯ ಬಡಾವಣೆಗಳು ತಲೆಯೆತ್ತಿದವು. ಕನ್ನಡದ ಸಾಂಸ್ಕೃತಿಕ ಸಂಸ್ಥೆಗಳು ನೆಲೆನಿಂತ ಮಾಟುಂಗಾ ಇಲ್ಲಿಂದ ದೂರವೇನಲ್ಲ; ಘಾಟ್‌ಕೋಪರ್, ವಿದ್ಯಾವಿಹಾರ, ಕುರ್ಲಾ, ಸಾಯನ್ ದಾಟಿದರೆ ಮಾಟುಂಗಾ. 1926ರಲ್ಲಿ ಸ್ಥಾಪಿತವಾದ ಮೈಸೂರು ಅಸೋಸಿಯೇಷನ್ ಇರುವುದು ಅಲ್ಲಿಯೇ. ಆದರೆ ವಾರದ ಆರು ದಿನ ದುಡಿಯುವವನಿಗೆ ಈ ಐದು ನಿಲ್ದಾಣಗಳ ಹಾದಿ ಭಾನುವಾರದ ಹಾದಿ. ಮುಂಬಯಿ ಕನ್ನಡಿಗನ ಸಾಹಿತ್ಯಜೀವನದ ಮೂಲ ಲಕ್ಷಣವೇ ಇದು: ಅದು ನೌಕರಿ ಮುಗಿದ ಮೇಲೆ ಉಳಿದ ವೇಳೆಯ ಜೀವನ.

ಈ ಮಾತನ್ನು ಪ್ರಮುಖ ಲೇಖಕರ ವೃತ್ತಿಗಳು ಸಮರ್ಥಿಸುತ್ತವೆ. ಉತ್ತರ ಕನ್ನಡದ ಹನೇಹಳ್ಳಿಯಲ್ಲಿ ಹುಟ್ಟಿದ ಯಶವಂತ ಚಿತ್ತಾಲರು (1928–2014) ಪಾಲಿಮರ್ ತಂತ್ರಜ್ಞಾನದಲ್ಲಿ ಪರಿಣತರು. ಖಾಸಗಿ ಉದ್ಯಮದಲ್ಲಿ ಉನ್ನತ ಅಧಿಕಾರಿಯಾಗಿದ್ದು ಬಾಂದ್ರಾದಲ್ಲಿ ನೆಲೆಸಿದ್ದವರು. ಉಡುಪಿ ಸೀಮೆಯಿಂದ ಬಂದ ವ್ಯಾಸರಾಯ ಬಲ್ಲಾಳರು ಕಂಪನಿಯ ನೌಕರಿಯಲ್ಲಿದ್ದುಕೊಂಡೇ ಕಾದಂಬರಿಗಳನ್ನು ರಚಿಸಿದರು. ಗೋಕರ್ಣದ ಜಯಂತ ಕಾಯ್ಕಿಣಿಯವರು ಮುಂಬಯಿಯಲ್ಲಿ ಜೀವರಸಾಯನಶಾಸ್ತ್ರಜ್ಞರಾಗಿ ಔಷಧ ಉದ್ಯಮದಲ್ಲಿ ದುಡಿದವರು. ಈ ಮೂವರಲ್ಲಿ ಯಾರೂ ಕನ್ನಡ ಅಧ್ಯಾಪಕರಲ್ಲ. ಕರ್ನಾಟಕದ ನವ್ಯ ಸಾಹಿತ್ಯವಾದರೋ ಬಹುಮಟ್ಟಿಗೆ ಕಾಲೇಜಿನ ಅಧ್ಯಾಪಕರ ವಲಯದಲ್ಲಿ ಬೆಳೆದುದು. ಗಿಸ್ಸಿಂಗನ ಕಾದಂಬರಿಕಾರನಿಗೆ ಹಣದ ಕೊರತೆ; ಮುಂಬಯಿಯ ಕನ್ನಡ ಕಾದಂಬರಿಕಾರನಿಗೆ ಸಂಬಳವಿದೆ, ವೇಳೆಯ ಕೊರತೆ. ಓದುಗರೂ ಪ್ರಕಾಶಕರೂ ಬಹುಪಾಲು ದೂರದ ಬೆಂಗಳೂರು, ಧಾರವಾಡಗಳಲ್ಲಿದ್ದುದರಿಂದ ಮಾರುಕಟ್ಟೆಯ ಒತ್ತಡ ಅವನನ್ನು ನೇರವಾಗಿ ತಟ್ಟಲಿಲ್ಲ. ಅದರೊಂದಿಗೆ ಮಾರುಕಟ್ಟೆಯ ಮನ್ನಣೆಯೂ ತಡವಾಗಿಯೇ ತಲುಪಿತು.

ವೃತ್ತಿಗೂ ವಸ್ತುವಿಗೂ ಇರುವ ಸಂಬಂಧ ಇಲ್ಲಿ ವಿಶೇಷವಾಗಿ ಗಮನಾರ್ಹ. ಚಿತ್ತಾಲರ ‘ಶಿಕಾರಿ’ (1979) ಕಂಪನಿಯೊಂದರ ಅಧಿಕಾರಿ ನಾಗಪ್ಪನು ಸಂಶಯಕ್ಕೂ ವಿಚಾರಣೆಗೂ ಗುರಿಯಾಗಿ ಬೇಟೆಯ ಪ್ರಾಣಿಯಂತಾಗುವ ಕಥೆ. ಬಲ್ಲಾಳರ ‘ಬಂಡಾಯ’ ಕಾರ್ಮಿಕ ಸಂಘಟನೆ ಹಾಗೂ ಆಡಳಿತವರ್ಗಗಳ ನಡುವಣ ಸಂಘರ್ಷವನ್ನು ಚಿತ್ರಿಸುತ್ತದೆ. ಅದಕ್ಕೆ 1986ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಿತು. ಹಳ್ಳಿ, ಅಗ್ರಹಾರ, ಕಾಲೇಜುಗಳನ್ನು ಚೆನ್ನಾಗಿ ಬಲ್ಲ ಕನ್ನಡ ಕಾದಂಬರಿಗೆ ಕಂಪನಿಯ ಮೇಜು, ಬಡ್ತಿ, ಒಳಸಂಚು, ಮುಷ್ಕರಗಳ ಲೋಕವನ್ನು ಒಳಗಿನಿಂದ ತೋರಿಸಿದವರು ಈ ನೌಕರ ಕಾದಂಬರಿಕಾರರು. ವಿಕ್ರೋಳಿಯಂಥ ಉಪನಗರದ ಅನುಭವಕ್ಕೆ ಕನ್ನಡದಲ್ಲಿ ಭಾಷೆ ದೊರೆತುದು ಹೀಗೆ. ಬರವಣಿಗೆಗೆ ಅಡ್ಡಿಯಾಗಿದ್ದ ನೌಕರಿಯೇ ಬರವಣಿಗೆಯ ಬಂಡವಾಳವಾಯಿತು.

ಬರೆಯುವ ಕ್ರಿಯೆಯನ್ನು ಕುರಿತ ಚಿಂತನೆಯಲ್ಲಿ ಚಿತ್ತಾಲರ ಸ್ಥಾನ ದೊಡ್ಡದು. 1983ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಪಡೆದ ಕಥಾಸಂಕಲನದ ಹೆಸರೇ ‘ಕತೆಯಾದಳು ಹುಡುಗಿ’. ಜೀವಂತ ವ್ಯಕ್ತಿಯೊಬ್ಬಳು ಕಥೆಯಾಗಿ ಪರಿಣಮಿಸುವುದೆಂದರೇನು, ಹಾಗೆ ಪರಿಣಮಿಸಿದಾಗ ಉಳಿಯುವುದೇನು, ಕಳೆಯುವುದೇನು ಎಂಬ ಪ್ರಶ್ನೆಯನ್ನು ಆ ಶೀರ್ಷಿಕೆಯೇ ಓದುಗನ ಮುಂದಿಡುತ್ತದೆ. ‘ಸಾಹಿತ್ಯದ ಸಪ್ತಧಾತುಗಳು’ ಮೊದಲಾದ ಗದ್ಯಕೃತಿಗಳಲ್ಲಿ ಅವರು ಸೃಜನಕ್ರಿಯೆಯನ್ನೇ ನೇರವಾಗಿ ವಿಚಾರಕ್ಕೆ ಎತ್ತಿಕೊಂಡರು. ಮುಂಬಯಿಯ ಸಮುದ್ರತೀರದಲ್ಲಿ ಕುಳಿತು ಹನೇಹಳ್ಳಿಯನ್ನು ಮತ್ತೆ ಮತ್ತೆ ಕಥಿಸಿದ ಲೇಖಕನಿಗೆ, ತಾನು ಬರೆಯುತ್ತಿರುವುದು ನೆನಪನ್ನೋ ಕಲ್ಪನೆಯನ್ನೋ ಎಂಬ ಪ್ರಶ್ನೆ ಕೇವಲ ತಾತ್ತ್ವಿಕವಾದುದಲ್ಲ. ಅದು ನಿತ್ಯದ ಅನುಭವ.

ಕಾಯ್ಕಿಣಿಯವರಲ್ಲಿ ಈ ಪ್ರಶ್ನೆ ಬೇರೊಂದು ರೂಪ ತಳೆಯುತ್ತದೆ. ‘ದಗಡೂ ಪರಬನ ಅಶ್ವಮೇಧ’ (1989) ಎಂಬ ಹೆಸರೇ ಸೂಚಿಸುವಂತೆ ಅವರ ಮುಂಬಯಿ ಕನ್ನಡಿಗರದಷ್ಟೇ ಅಲ್ಲ. ಅವರ ಅನೇಕ ಪಾತ್ರಗಳು ವಾಸ್ತವದಲ್ಲಿ ಮರಾಠಿಯಲ್ಲಿಯೋ ಹಿಂದಿಯಲ್ಲಿಯೋ ಮಾತನಾಡಬೇಕಾದವರು. ಕಥೆಯಲ್ಲಿ ಕನ್ನಡದಲ್ಲಿ ಮಾತನಾಡುತ್ತಾರೆ. ಅಂದರೆ ಬರೆಯುವುದಕ್ಕೆ ಮೊದಲೇ ಲೇಖಕನ ಮನಸ್ಸಿನಲ್ಲಿ ಒಂದು ಅನುವಾದ ನಡೆದಿರುತ್ತದೆ. ಅವರ ಮುಂಬಯಿ ಕಥೆಗಳು ತೇಜಸ್ವಿನಿ ನಿರಂಜನ ಅವರ ಇಂಗ್ಲಿಷ್ ಅನುವಾದದಲ್ಲಿ ‘ನೋ ಪ್ರೆಸೆಂಟ್ಸ್ ಪ್ಲೀಸ್’ ಎಂಬ ಹೆಸರಿನಿಂದ ಪ್ರಕಟವಾಗಿ 2018ರ ದಕ್ಷಿಣ ಏಷ್ಯಾ ಸಾಹಿತ್ಯದ ಡಿಎಸ್‌ಸಿ ಪ್ರಶಸ್ತಿ ಪಡೆದವು. ಇಂಗ್ಲಿಷ್ ಓದುಗನಿಗೆ ದೊರೆತ ಆ ಅನುವಾದದ ಹಿಂದೆ ಮೊದಲಿನ ಆ ಅನುವಾದವೂ ಇದೆ ಎಂಬುದನ್ನು ವಿಮರ್ಶೆ ಮರೆಯಬಾರದು.

ಇಲ್ಲಿ ವಿಮರ್ಶೆಗೆ ಸಂಬಂಧಿಸಿದ ಒಂದು ತೊಡಕನ್ನು ಸ್ಪಷ್ಟಪಡಿಸಬೇಕು. ಇವರನ್ನು ‘ಮುಂಬಯಿ ಕನ್ನಡ ಲೇಖಕರು’ ಎಂದು ವರ್ಗೀಕರಿಸುವುದು ಅನುಕೂಲಕರವಾದರೂ ನಿರಪಾಯವಲ್ಲ. ‘ಹೊರನಾಡು’ ಎಂಬ ವಿಶೇಷಣ ಲೇಖಕನನ್ನು ಅಂಚಿಗೆ ತಳ್ಳಬಲ್ಲುದು. ‘ಶಿಕಾರಿ’ಯ ಆತಂಕ ಹೊರನಾಡಿಗನದು ಮಾತ್ರವಲ್ಲ, ಆಧುನಿಕ ಸಂಸ್ಥೆಯೊಳಗಿನ ಮನುಷ್ಯನದು. ಹಾಗೆಂದು ಊರಿನ ಸಂಗತಿಯನ್ನು ಬಿಟ್ಟುಬಿಟ್ಟರೆ, ಆ ಆತಂಕ ಕನ್ನಡದಲ್ಲಿ ಮೊದಲು ಗಾಢವಾಗಿ ಮೂಡಿದ್ದು ಮುಂಬಯಿಯಿಂದ ಏಕೆ ಎಂಬ ಪ್ರಶ್ನೆಗೆ ಉತ್ತರವಿರುವುದಿಲ್ಲ. ಊರನ್ನು ಹಣೆಪಟ್ಟಿಯಾಗಿ ಬಳಸದೆ ಕಾರಣವಾಗಿ ಪರಿಶೀಲಿಸುವುದೇ ಸರಿಯಾದ ಮಾರ್ಗವೆಂದು ತೋರುತ್ತದೆ.

ಅದಕ್ಕೆ ಬೇಕಾದ ಆಕರಗಳ ವಿಷಯ ಇನ್ನು ಉಳಿದಿದೆ. ಪ್ರಕಟಿತ ಕಾದಂಬರಿಗಳು ಗ್ರಂಥಾಲಯಗಳಲ್ಲಿ ಸಿಗುತ್ತವೆ. ಕಲೀನಾದ ವಿದ್ಯಾನಗರಿಯಲ್ಲಿರುವ ಮುಂಬಯಿ ವಿಶ್ವವಿದ್ಯಾಲಯದ ಕನ್ನಡ ವಿಭಾಗದಿಂದಲೂ ಈ ಸಾಹಿತ್ಯವನ್ನು ಕುರಿತ ಅಧ್ಯಯನಗಳು ಬಂದಿವೆ. ಆದರೆ ಸಾಹಿತ್ಯಜೀವನದ ನಿಜವಾದ ದಾಖಲೆಗಳು ಬೇರೆ ಕಡೆ ಇವೆ: ಸಂಘಗಳ ಸ್ಮರಣ ಸಂಚಿಕೆಗಳು, ‘ಮೊಗವೀರ’, ‘ನೇಸರು’ಗಳಂಥ ಮಾಸಪತ್ರಿಕೆಗಳು, ಸಭೆಗಳ ಕರೆಯೋಲೆಗಳು, ಲೇಖಕರು ಪ್ರಕಾಶಕರಿಗೆ ಬರೆದ ಕಾಗದಗಳು. ಹೋಟೆಲು ಕಾರ್ಮಿಕರು ಓದಿದ ಕನ್ನಡ ರಾತ್ರಿಶಾಲೆಗಳ ದಾಖಲೆಗಳನ್ನೂ ಇದಕ್ಕೆ ಸೇರಿಸಬೇಕು, ಏಕೆಂದರೆ ಆ ಕಾದಂಬರಿಗಳ ಸ್ಥಳೀಯ ಓದುಗವರ್ಗ ರೂಪುಗೊಂಡ ತಾಣಗಳಲ್ಲಿ ಅವೂ ಸೇರಿವೆ. ಇವುಗಳಲ್ಲಿ ಹೆಚ್ಚಿನವು ಮನೆಗಳ ಅಟ್ಟದಲ್ಲಿವೆ. ಕನ್ನಮವಾರ್ ನಗರದ ಹಳೆಯ ಕಟ್ಟಡಗಳು ಪುನರ್ನಿರ್ಮಾಣಕ್ಕಾಗಿ ಒಂದೊಂದಾಗಿ ಉರುಳುತ್ತಿವೆ. ಮನೆ ಖಾಲಿ ಮಾಡುವವರು ಹಳೆಯ ಕಾಗದವನ್ನು ಮೊದಲು ರದ್ದಿಯವನಿಗೆ ಹಾಕುತ್ತಾರೆ. ಕನ್ನಡ ಮಾಧ್ಯಮದ ಶಾಲೆಗಳು ಕ್ಷೀಣಿಸಿರುವುದರಿಂದ ಆ ಕಾಗದಗಳನ್ನು ಓದಬಲ್ಲ ಮಕ್ಕಳು ಅನೇಕ ಮನೆಗಳಲ್ಲಿ ಇಲ್ಲ.

ಆದಕಾರಣ ಈ ವಿಷಯದಲ್ಲಿ ಆಸಕ್ತರಾದ ಸಂಶೋಧಕರು ಸಿದ್ಧಾಂತದ ಚೌಕಟ್ಟನ್ನು ಕಟ್ಟುವುದಕ್ಕಿಂತ ಮೊದಲು ಸಂಗ್ರಹಕಾರ್ಯಕ್ಕೆ ತೊಡಗುವುದು ಅವಶ್ಯ. ಕಾದಂಬರಿ ಉಳಿದಿದೆ, ಅದನ್ನು ಸಾಧ್ಯವಾಗಿಸಿದ ಭಾನುವಾರಗಳ ದಾಖಲೆ ಉಳಿಯುವುದೇ ಎಂಬುದು ಮುಂದಿನ ಕೆಲವೇ ವರ್ಷಗಳಲ್ಲಿ ನಿರ್ಧಾರವಾಗಲಿದೆ.